ಸ್ವಾತಂತ್ರ್ಯ ಬಂದ ಮೇಲೂ ಪೊಲೀಸರು ಬಂದಿದ್ದರು ಅನ್ನುತ್ತಾರೆ ಅಜ್ಜಿ. ರೆಕಾರ್ಡ್ ಮಾಡಲಾ?

ಮದ್ದೂರು ಹುಡುಗಿ:
ನಮ್ಮಜ್ಜಿಗೆ ತೊಂಬತ್ತು ದಾಟಿದೆ. ಮದುವೆಯಾದ ಹೊಸದರಲ್ಲಿ ತಾತ ತಂದ ಕರಪತ್ರಗಳನ್ನು ರಾಗಿ ಗುಡಾಣದೊಳಗೆ ಬಚ್ಚಿಟ್ಟಿದ್ದರಂತೆ. ಪೊಲೀಸರು ಮನೆಯೆಲ್ಲ ಜಾಲಾಡಿದರಂತೆ. ಇದು ಸ್ವಾತಂತ್ರ್ಯ ಬಂದ ಮೇಲೆ ಆದದ್ದು ಅಂತ ಅಜ್ಜಿಯ ಹಟ. "ಬ್ರಿಟಿಷರೇ ಹೋದ ಮೇಲೆ ಯಾವ ಪೊಲೀಸು?" ಅಂತ ಅಣ್ಣ ನಗುತ್ತಾನೆ. ತಾತ ಜೈಲಿಗೆ ಹೋದವರಲ್ಲ, ಮನೆಯಲ್ಲಿ ಒಂದು ಕಾಗದವೂ ಇಲ್ಲ. ತಾರೀಖೇ ಹಿಂದುಮುಂದಾಗಿದ್ದರೆ ರೆಕಾರ್ಡ್ ಮಾಡಿ ಏನು ಉಪಯೋಗ?

ಹಳೇ ಮೇಷ್ಟ್ರು, ಮೈಸೂರು:
ನಿಮ್ಮಣ್ಣನಿಗೆ ಹೇಳಮ್ಮ, ಅಜ್ಜಿ ಹೇಳುವುದು ಸರಿ ಇದೆ. 1947ರ ಆಗಸ್ಟ್ 15 ಆದ ಮೇಲೂ ಮೈಸೂರು ಸಂಸ್ಥಾನದಲ್ಲಿ ಜನರ ಸರ್ಕಾರ ಇರಲಿಲ್ಲ. ದಿವಾನರು, ಅವರ ಪೊಲೀಸರು ಹಾಗೇ ಇದ್ದರು. ಅದಕ್ಕೇ ಜನರ ಸರ್ಕಾರ ಬೇಕು ಅಂತ ಸೆಪ್ಟೆಂಬರಿನಲ್ಲಿ 'ಮೈಸೂರು ಚಲೋ' ಚಳವಳಿ ಶುರುವಾಯಿತು. ನಮ್ಮೂರಿನ ರಾಮಸ್ವಾಮಿ ಸರ್ಕಲ್ ದಿನಾ ದಾಟುತ್ತೀವಲ್ಲ, ಆ ರಾಮಸ್ವಾಮಿ ಅನ್ನುವ ವಿದ್ಯಾರ್ಥಿ ಗುಂಡೇಟಿಗೆ ಸತ್ತದ್ದು ಆ ತಿಂಗಳೇ. ಜನರ ಸರ್ಕಾರ, ಅಂದರೆ ಕೆ.ಸಿ. ರೆಡ್ಡಿಯವರದು, ಬಂದದ್ದು ಅಕ್ಟೋಬರಿನಲ್ಲಿ.

ರಿಟೈರ್ ಆದಾಗಿನಿಂದ ನಾನು ಇಂಥ ಮಾತುಗಳನ್ನೇ ಕೂಡಿಡುತ್ತಿದ್ದೇನೆ. ಇಸವಿ ಕೇಳಬೇಡಿ, ಕೇಳಿದರೆ ಹೆದರಿ ಸುಮ್ಮನಾಗುತ್ತಾರೆ. ಗೌರಿ ಹಬ್ಬ ಆಗಿತ್ತಾ? ಮಡಿಲಲ್ಲಿ ಮಗು ಇತ್ತಾ? ಹೊಲದಲ್ಲಿ ಏನಿತ್ತು? ಹೀಗೆ ಕೇಳಿ. ತಿಂಗಳು ತಾನಾಗೇ ಹೊರಬರುತ್ತದೆ. ಮಧ್ಯೆ ತಿದ್ದಬೇಡಿ. ಅಣ್ಣನನ್ನು ಆ ಹೊತ್ತಿಗೆ ಸಂತೆಗೆ ಕಳಿಸಿ! ಶಿವಪುರದ ಧ್ವಜ ಸತ್ಯಾಗ್ರಹ ನಿಮ್ಮ ಕಡೆಯದೇ, 1938ರದ್ದು. ಅದನ್ನೂ ಇದರ ಜೊತೆ ಕಲಸಿ ಹೇಳಬಹುದು. ಹೇಳಲಿ ಬಿಡಿ, ಆಮೇಲೆ ಬಿಡಿಸಿಕೊಳ್ಳೋಣ.

ಕಾಗದ ಇಲ್ಲ ಅಂದಿರಲ್ಲ, ಅದಕ್ಕೇ ರೆಕಾರ್ಡ್ ಮಾಡಬೇಕು. ಸ್ವಾತಂತ್ರ್ಯ ಹೋರಾಟಗಾರರ 1972ರ ಕೇಂದ್ರ ಪಿಂಚಣಿಗೆ ಸಾಮಾನ್ಯವಾಗಿ ಆರು ತಿಂಗಳ ಜೈಲು ಬೇಕಿತ್ತು, ಹೆಂಗಸರಿಗೆ ಮೂರು. ಜೈಲು ಸರ್ಟಿಫಿಕೇಟ್ ಇದ್ದವರ ಹೆಸರು ಫೈಲಿನಲ್ಲಿ ಉಳಿಯಿತು. ಅವರಿಗೆ ಮುದ್ದೆ ಬೇಯಿಸಿ ಹಾಕಿದವರು, ಕರಪತ್ರ ಮುಚ್ಚಿಟ್ಟವರು ಯಾವ ಪಟ್ಟಿಗೂ ಬರಲಿಲ್ಲ. ನನಗಂತೂ ಭಾಷಣ ಮಾಡಿದವರಿಗಿಂತ ಇವರ ಮಾತೇ ಜಾಸ್ತಿ ಬೇಕು.

ಬೆಲ್ಲದ ಗಾಣ:
ಮೇಷ್ಟ್ರೇ, ಒಂದು ಅನುಮಾನ. ನಮ್ಮ ದೊಡ್ಡಪ್ಪ ಪೊಲೀಸರಿಗೆ ಸುಳಿವು ಕೊಟ್ಟವನ ಹೆಸರೂ ಹೇಳಿಬಿಟ್ಟರು. ಅವರ ಮಕ್ಕಳು ಪಕ್ಕದ ಬೀದಿಯಲ್ಲೇ ಇದ್ದಾರೆ. ಈಗ ಆ ಫೈಲನ್ನು ಮನೆಯವರ ವಾಟ್ಸಾಪಿಗೂ ಹಾಕೋಕೆ ಭಯ.

ಹಳೇ ಮೇಷ್ಟ್ರು, ಮೈಸೂರು:
ಹಾಕಬೇಡಿ. ಪೂರ್ತಿ ರೆಕಾರ್ಡಿಂಗ್ ಒಂಚೂರೂ ಕತ್ತರಿಸದೆ ಬೇರೆ ಬೇರೆ ಎರಡು ಕಡೆ ಇಡಿ. ಹಂಚುವ ಪ್ರತಿಯಲ್ಲಿ ಆ ಹೆಸರು ತೆಗೆಯಿರಿ. ಯಾರಿಗೆ ಕೇಳಿಸಬಹುದು, ಯಾವಾಗ ಅಂತ ದೊಡ್ಡಪ್ಪನ ಬಾಯಲ್ಲೇ ಹೇಳಿಸಿ ಅದನ್ನೂ ರೆಕಾರ್ಡ್ ಮಾಡಿ. ಒಬ್ಬರು ಹೇಳಿದ್ದಕ್ಕೇ ಯಾರನ್ನೂ ದ್ರೋಹಿ ಅನ್ನಲಾಗದು, ಹೊಲದ ಜಗಳವೂ ಇರಬಹುದು.

ಮದ್ದೂರು ಹುಡುಗಿ:
ಥ್ಯಾಂಕ್ಸ್ ಮೇಷ್ಟ್ರೇ. ಅಣ್ಣನಿಗೆ ಓದಿ ಹೇಳಿದೆ. ಈಗ ಅವನೇ ಮೈಕ್ ತರುತ್ತೇನೆ ಅನ್ನುತ್ತಿದ್ದಾನೆ. ಅಜ್ಜಿಯದು ಒಂದೇ ಷರತ್ತು: ಧಾರಾವಾಹಿ ಹೊತ್ತಿಗೆ ಬೇಡವಂತೆ.