40 ಲಕ್ಷ ಸಾಲಕ್ಕೆ 83 ಲಕ್ಷ ಕಟ್ಟಬೇಕಾ?

ಪ್ರಶ್ನೆ:
ಮೈಸೂರಿನ ಬೋಗಾದಿ ಕಡೆ ಮನೆ ನೋಡಿದ್ದೇವೆ. ಸಾಲ 40 ಲಕ್ಷ, 20 ವರ್ಷ, ಬಡ್ಡಿ 8.5%. ಕಂತು 34,713 ರೂಪಾಯಿ. ರಾತ್ರಿ ಸುಮ್ನೆ 240 ತಿಂಗಳಿಗೆ ಗುಣಿಸಿದೆ, 83 ಲಕ್ಷ ದಾಟಿತು! ಹೆಂಡತಿಗೆ ಇನ್ನೂ ಹೇಳಿಲ್ಲ. ಲೆಕ್ಕ ತಪ್ಪಿದೆಯಾ?

ಉತ್ತರ 1:
ಸರಿಯಾಗೇ ಇದೆ ಸಾರ್. ಮೊದಲ ಕಂತು ಬಿಡಿಸಿ ನೋಡಿ: 28,333 ಬಡ್ಡಿಗೆ, ಅಸಲಿಗೆ ಬರೀ 6,380. ನನ್ನದು 2019ರ ಸಾಲ. 2022ರಲ್ಲಿ ಬಡ್ಡಿ ಏರಿದರೂ ಕಂತು ಹಾಗೇ ಇತ್ತು, ಖುಷಿಯಲ್ಲಿದ್ದೆ. ಸ್ಟೇಟ್‌ಮೆಂಟ್ ತೆಗೆಸಿದರೆ ಕೊನೆಯ ಕಂತು ನಾನು ರಿಟೈರ್ ಆಗಿ ನಾಲ್ಕು ವರ್ಷದ ಮೇಲೆ! ಬ್ಯಾಂಕಿನವರು ಸದ್ದಿಲ್ಲದೆ ಅವಧಿ ಬೆಳೆಸಿದ್ದರು. ಈಗ ಹಾಗೆ ಮಾಡುವಂತಿಲ್ಲ. ಕಂತು ಏರಿಸಬೇಕಾ, ಅವಧಿಯಾ ಅಂತ ನಮ್ಮನ್ನು ಕೇಳಬೇಕು. 2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕ್ ಹೇಳಿದೆ.

ಉತ್ತರ 2:
ಬೋನಸ್ ಬಂದಾಗ ವರ್ಷಕ್ಕೊಂದು ಕಂತು ಜಾಸ್ತಿ ಕಟ್ಟಿ. ಸುಮಾರು ಮೂರು ವರ್ಷ ಮೊದಲೇ ಮುಗಿಯುತ್ತದೆ. ಫ್ಲೋಟಿಂಗ್ ಬಡ್ಡಿಯ (ಆಗಾಗ ಏರಿಳಿಯುವ ಬಡ್ಡಿ) ಸಾಲವಾದರೆ ಇದಕ್ಕೆ ದಂಡ ಇಲ್ಲ. ‘ಅವಧಿ ಇಳಿಸಿ, ಕಂತು ಇಳಿಸೋದು ಬೇಡ’ ಅಂತ ಬರೆದುಕೊಡೋದು ಮರೀಬೇಡಿ.

ಪ್ರಶ್ನೆ ಕೇಳಿದವರು:
ಹೆಂಡತಿಗೆ ಹೇಳಿದೆ. ಸಾಲದಲ್ಲಿ 3 ಲಕ್ಷ ಅಡುಗೆಮನೆ ಕಪಾಟಿಗೆ ಅಂತ ಸೇರಿಸಿದ್ದೆವು. ಅದಕ್ಕೇ 6 ಲಕ್ಷದ ಮೇಲೆ ಬೀಳುತ್ತದೆ ಅಂದಾಗ, ‘ಹಳೇ ಸ್ಟ್ಯಾಂಡೇ ಸಾಕು ಬಿಡಿ’ ಅಂದಳು. ನಾಳೆ 37ಕ್ಕೆ ಅರ್ಜಿ.