‘ಬೆಟ್ಟದ ತಾಳೆ’ ಅಂದರೆ ಸರಿಹೋದೀತೇ?

ಮಕ್ಕಳಿಗಾಗಿ ಒಂದು ಲೇಖನ ಬರೆಯುತ್ತ ಒಂದು ಹೆಸರನ್ನು ಕನ್ನಡಕ್ಕೆ ತರುವಲ್ಲಿ ಸಿಕ್ಕಿಬಿದ್ದಿದ್ದೇನೆ. ಆಸ್ಟ್ರೇಲಿಯಕ್ಕೆ ಸೇರಿದ ಲಾರ್ಡ್ ಹೌ ದ್ವೀಪದಲ್ಲಿ ‘ಲಿಟಲ್ ಮೌಂಟನ್ ಪಾಮ್’ ಎಂಬ ಗಿಡ್ಡ ಮರವಿದೆ. ಸಸ್ಯಶಾಸ್ತ್ರದಲ್ಲಿ ಅದು ಲೆಪಿಡೊರಾಕಿಸ್ ಮೂರಿಯಾನಾ. 875 ಮೀಟರ್ ಎತ್ತರದ ಗೌವರ್ ಬೆಟ್ಟದ ನೆತ್ತಿ, ಪಕ್ಕದ ಲಿಡ್ಜ್‌ಬರ್ಡ್ ಬೆಟ್ಟದ ನೆತ್ತಿ, ಅಲ್ಲಿಯ ಮೋಡ ಮುಸುಕಿದ ಪಾಚಿಗಾಡು: ಅಷ್ಟೇ ಅದರ ಲೋಕ. 1918ರಲ್ಲಿ ಮಕಾಂಬೊ ಎಂಬ ಹಡಗು ದ್ವೀಪದ ದಡಕ್ಕೆ ಬಡಿದಾಗ ಇಳಿದ ಇಲಿಗಳು ಇದರ ಹಣ್ಣುಬೀಜ ತಿಂದು ಸಸಿ ಏಳುವುದೇ ಕಷ್ಟವಾಯಿತು. 2019ರಲ್ಲಿ ದ್ವೀಪದುದ್ದಕ್ಕೂ ವಿಷವಿಟ್ಟು ಇಲಿಗಳನ್ನು ತೆಗೆಯಲು ಹೊರಟರು.

ಮೊದಲು ‘ಬೆಟ್ಟದ ತಾಳೆ’ ಎಂದು ಬರೆದೆ. ಅಮ್ಮನಿಗೆ ಓದಿ ಹೇಳಿದರೆ, “ಯಾವುದು, ಬಗನಿಯಾ?” ಅಂದರು. ಬಗನಿ ನಮ್ಮ ಕಾಡಿನಲ್ಲೇ ಬೆಳೆಯುವ ತಾಳೆಜಾತಿಯ ಮರ. ನಮ್ಮದು ಶಿರಸಿ ಕಡೆ. ಅಲ್ಲಿ ಬೆಟ್ಟ ಅಂದರೆ ಶಿಖರವಲ್ಲ, ಅಡಿಕೆ ತೋಟಕ್ಕೆ ಸೊಪ್ಪು ತರುವ ಸೊಪ್ಪಿನ ಬೆಟ್ಟ. ಬಯಲುಸೀಮೆಯ ಓದುಗರಿಗೆ ಈ ತೊಡಕು ಇರಲಿಕ್ಕಿಲ್ಲ, ನನಗಂತೂ ಆ ಪದ ಕೈಬಿಟ್ಟುಹೋಯಿತು.

ತಾಳೆಯದು ಇನ್ನೊಂದು ತಕರಾರು. ತಾಳೆ ಎಂದೊಡನೆ ಕಣ್ಣಿಗೆ ಬರುವುದು ಬೀಸಣಿಗೆಯಂಥ ಎಲೆ, ಓಲೆಗರಿ, ತಾಟಿನುಂಗು. ಈ ಮರಕ್ಕಿರುವುದು ಅಡಿಕೆಯಂಥ ಸೋಗೆ. ಹಾಗೆಂದು ‘ಅಡಿಕೆ’ ಅಂದರೆ ಮಕ್ಕಳು ಹಣ್ಣು ಸುಲಿಯಲು ಹೊರಟಾರು! ‘ತಾಳೆ ಎಣ್ಣೆ’ಯ ಮರಕ್ಕೂ ಇರುವುದು ಸೋಗೆಯೇ, ಆದರೂ ಅದನ್ನು ತಾಳೆ ಎಂದು ಒಪ್ಪಿಕೊಂಡಿದ್ದೇವೆ. ಹಾಗಾಗಿ ತಾಳೆಯನ್ನು ಉಳಿಸಿಕೊಳ್ಳುವುದೇ ವಾಸಿ ಅನ್ನಿಸುತ್ತಿದೆ. ಲ್ಯಾಟಿನ್ನಿನ ‘ಪಾಲ್ಮಾ’ ಕೂಡ ಅಂಗೈ ಎಂಬ ಅರ್ಥದ್ದು, ಅಂದರೆ ಅವರೂ ಅಂಗೈಯಂಥ ಎಲೆಯ ಹೆಸರನ್ನೇ ಸೋಗೆಯ ಮರಗಳಿಗೂ ಹೊದಿಸಿದ್ದಾರೆ.

‘ಲಿಟಲ್’ ಬಿಡುವಂತಿಲ್ಲ, ಅದೇ ದ್ವೀಪದಲ್ಲಿ ‘ಬಿಗ್ ಮೌಂಟನ್ ಪಾಮ್’ ಕೂಡ ಇದೆ. ಎರಡೂ ಬೇರೆ ಬೇರೆ ಕುಲದವು. ಇಲ್ಲಿ ‘ಪುಟ್ಟ’ಕ್ಕಿಂತ ‘ಕಿರು’ ಒಪ್ಪುತ್ತದೆ: ಕಿರುನೆಲ್ಲಿ ಎಂದರೆ ಎಳೆಯ ನೆಲ್ಲಿಮರವಲ್ಲ, ಬೇರೆಯೇ ಗಿಡ. ಆದರೆ ಬೆಟ್ಟದ ಬದಲು ಮಲೆ ಎಂದಿಟ್ಟು ‘ಕಿರುಮಲೆ ತಾಳೆ’ ಎಂದು ಕೂಡಿಸಿದರೆ ಮಲೆಯೇ ಕಿರಿದಾಗಿಬಿಡುತ್ತದೆ. ಸದ್ಯಕ್ಕೆ ‘ಮಲೆಯ ಕಿರುತಾಳೆ’ ಎಂದಿಟ್ಟುಕೊಂಡಿದ್ದೇನೆ.

ಇದಕ್ಕಿಂತ ಒಳ್ಳೆಯದು ಹೊಳೆದರೆ ತಿಳಿಸಿ. ಜೊತೆಗೆ ಇನ್ನೊಂದು: ತೆಂಗು, ಅಡಿಕೆ, ಈಚಲು, ಬಗನಿ ಎಲ್ಲವನ್ನೂ ಒಟ್ಟಾಗಿ ಕರೆಯುವ ಆಡುಮಾತು ನಿಮ್ಮ ಕಡೆ ಇದೆಯೇ? ಅಮರಕೋಶದ ‘ತೃಣದ್ರುಮ’ ಬೇಡ, ಅದರಲ್ಲಿ ಈ ಜಾತಿಗೆ ಸೇರದ ಕೇದಗೆಯೂ ಸೇರಿಕೊಂಡಿದೆ.