ನೋಟಿಸ್ ಕೊಡದೆ ಅರೆಸ್ಟ್ ಮಾಡಿದ್ರೆ ನ್ಯಾಯಾಂಗ ನಿಂದನೆ ಕೇಸ್ ಹಾಕಬಹುದಾ?

ಪ್ರಶ್ನೆ: ಸರ್, ನಮ್ಮದು ಹಾವೇರಿ ಜಿಲ್ಲೆ. ಚೀಟಿ ದುಡ್ಡಿನ ಜಗಳದಲ್ಲಿ ತಮ್ಮನ ಮೇಲೆ ವಂಚನೆ ಕೇಸ್ ಆಗಿದೆ, ಬಿಎನ್‌ಎಸ್ (ಭಾರತೀಯ ನ್ಯಾಯ ಸಂಹಿತೆ) 318(4). 'ನಾಳೆ 10 ಗಂಟೆಗೆ ಸ್ಟೇಷನ್ನಿಗೆ ಬಾ' ಅಂತ ವಾಟ್ಸಾಪ್ ಬಂತು. ಹೋದ. ಸಂಜೆ ಅರೆಸ್ಟ್. 12 ದಿನ ಜೈಲಲ್ಲಿದ್ದು ಈಗ ಬೇಲ್ ಮೇಲೆ ಬಂದಿದ್ದಾನೆ. ಏಳು ವರ್ಷದೊಳಗಿನ ಕೇಸಲ್ಲಿ ಹೀಗೆ ಹಿಡಿಯೋ ಹಾಗಿಲ್ಲ ಅಂತ ಸುಪ್ರೀಂ ಕೋರ್ಟೇ ಹೇಳಿದೆಯಂತೆ. ನಿಂದನೆ ಕೇಸಿಗೆ ದೆಹಲಿಗೇ ಹೋಗಬೇಕಾ?

ವಕೀಲರ ಉತ್ತರ: ದೆಹಲಿ ಬೇಡ, ನಮ್ಮ ಹೈಕೋರ್ಟಿನ ಧಾರವಾಡ ಪೀಠ ಸಾಕು. 2014ರ ಅರ್ನೇಶ್ ಕುಮಾರ್ ತೀರ್ಪಿನಲ್ಲೇ ಅದಿದೆ: ಸೂಚನೆ ಪಾಲಿಸದ ಪೊಲೀಸರ ಮೇಲೆ ಇಲಾಖಾ ಕ್ರಮ, ಜೊತೆಗೆ ಆಯಾ ರಾಜ್ಯದ ಹೈಕೋರ್ಟಿನಲ್ಲಿ ನಿಂದನೆ. ಅದು ಬಿಹಾರದ ವರದಕ್ಷಿಣೆ ಕೇಸಾದರೂ, ಏಳು ವರ್ಷದವರೆಗೆ ಶಿಕ್ಷೆ ಇರುವ ಎಲ್ಲ ಅಪರಾಧಕ್ಕೂ ಅನ್ವಯಿಸುತ್ತದೆ. ನಿಮ್ಮದೂ ಅದರೊಳಗೇ ಬರುತ್ತದೆ.

ಆದರೆ ಹಿಡಿಯಲೇಬಾರದು ಅಂತ ಎಲ್ಲೂ ಹೇಳಿಲ್ಲ. ಯಾಕೆ ಹಿಡಿಯಬೇಕಾಯಿತು ಅಂತ ಚೆಕ್‌ಲಿಸ್ಟ್‌ನಲ್ಲಿ ಕಾರಣ ಬರೆದು ಮ್ಯಾಜಿಸ್ಟ್ರೇಟ್ ಮುಂದೆ ಇಡಬೇಕು, ಹಿಡಿಯುವ ಅಗತ್ಯ ಇಲ್ಲದಿದ್ದರೆ ನೋಟಿಸ್ ಕೊಡಬೇಕು (ಹಳೇ ಸಿಆರ್‌ಪಿಸಿಯ 41ಎ, ಈಗ ಅದರ ಜಾಗಕ್ಕೆ ಬಂದ ಬಿಎನ್‌ಎಸ್‌ಎಸ್, ಅಂದರೆ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 35(3)). ವಾಟ್ಸಾಪ್ ಮೆಸೇಜ್ ಆ ನೋಟಿಸ್ ಅಲ್ಲ, 2025ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಅದನ್ನೂ ಬಿಡಿಸಿ ಹೇಳಿದೆ.

ಮೊದಲು ಮ್ಯಾಜಿಸ್ಟ್ರೇಟ್ ಕೋರ್ಟಿನಿಂದ ರಿಮ್ಯಾಂಡ್ ಅರ್ಜಿ (ಕಸ್ಟಡಿಗೆ ಕೊಡಿ ಅಂತ ಪೊಲೀಸರು ಹಾಕಿದ್ದು), ಚೆಕ್‌ಲಿಸ್ಟ್, ಆರ್ಡರ್ ಶೀಟ್ (ಕೋರ್ಟಿನ ಆದೇಶಗಳ ದಾಖಲೆ), ಮೂರರದ್ದೂ ದೃಢೀಕೃತ ನಕಲು ತೆಗೆಸಿ. ಸುಮ್ನೆ 'ಸರ್ಕಾರ' ಅಂತ ಹಾಕಿದರೆ ಕೇಸ್ ನಿಲ್ಲುವುದಿಲ್ಲ, ಹಿಡಿದ ಅಧಿಕಾರಿಯನ್ನೇ ಹೆಸರು ಹಾಕಿ ಪಾರ್ಟಿ ಮಾಡಬೇಕು, ಅವರು ಬೇಕಂತಲೇ ಮೀರಿದ್ದಾರೆ ಅಂತ ತೋರಿಸಬೇಕು. ಅರೆಸ್ಟ್ ಆದ ದಿನದಿಂದ ಒಂದು ವರ್ಷದೊಳಗೆ ಹಾಕಿ. ನಮ್ಮ ಹೈಕೋರ್ಟಿನಲ್ಲಿ ಇಂಥ ಸಿವಿಲ್ ನಿಂದನೆ ಅರ್ಜಿಗೆ ಸಿಸಿಸಿ ಅನ್ನುತ್ತಾರೆ.

ಇನ್ನೊಬ್ಬ ಸದಸ್ಯರು: ನಿಂದನೆಗೆ ಗರಿಷ್ಠ ಅಂದರೆ ಆರು ತಿಂಗಳು ಜೈಲು, ಇಲ್ಲಾ 2000 ರೂಪಾಯಿ ದಂಡ, ಇಲ್ಲಾ ಎರಡೂ ಅಲ್ವಾ? ಕೊನೆಗೆ ಕ್ಷಮೆ ಕೇಳಿ ಮನೆಗೆ ಹೋಗ್ತಾರೆ. ನಮಗೇನು ಸಿಗತ್ತೆ?

ವಕೀಲರು: ಹೌದು, ಮನಸ್ಸಿಂದ ಕೇಳಿದ ಕ್ಷಮೆ ಅಂತ ಕೋರ್ಟಿಗೆ ಅನಿಸಿದರೆ ಬಿಟ್ಟುಬಿಡಬಹುದು. ನಿಮಗೆ ಪರಿಹಾರ ಬೇಕಾದರೆ ಅದಕ್ಕೆ ಹೈಕೋರ್ಟಿನಲ್ಲಿ ರಿಟ್ ಅರ್ಜಿ (ಮೂಲಭೂತ ಹಕ್ಕಿಗೆ ಧಕ್ಕೆಯಾದಾಗ ಹಾಕುವುದು) ಬೇರೆ ಹಾಕಬೇಕು, ತಮ್ಮನ ಮೇಲಿನ ಕೇಸೂ ಇದರಿಂದ ಬಿದ್ದು ಹೋಗುವುದಿಲ್ಲ. ಆದರೂ ಸುಮ್ನೆ ಅಲ್ಲ. 2021ರಲ್ಲಿ ದೆಹಲಿ ಹೈಕೋರ್ಟ್ ಇಂಥದ್ದೇ ಅರೆಸ್ಟಿಗೆ ಒಬ್ಬ ಸಬ್ ಇನ್‌ಸ್ಪೆಕ್ಟರಿಗೆ ಒಂದು ದಿನದ ಜೈಲು, 2000 ದಂಡ ವಿಧಿಸಿತು. ಒಂದು ದಿನ ಅಂತ ನಗಬೇಡಿ, ಸರ್ವಿಸಿನಲ್ಲಿರುವವರಿಗೆ ಅದೆಷ್ಟು ಭಾರ ಅಂತ ಯಾವ ಪೊಲೀಸರನ್ನಾದರೂ ಕೇಳಿ ನೋಡಿ.

ಪ್ರಶ್ನೆ ಕೇಳಿದವರು: ಸರ್, ಚೆಕ್‌ಲಿಸ್ಟ್ ಸಿಕ್ಕಿತು. ಅಚ್ಚಾದ ಫಾರಂ. ಒಂದೇ ಪೆನ್ನಲ್ಲಿ ಮೇಲಿಂದ ಕೆಳಗೆ ಟಿಕ್ ಎಳೆದಿದ್ದಾರೆ. ಕಾರಣದ ಜಾಗದಲ್ಲಿ 'ಪರಾರಿಯಾಗುವ ಸಾಧ್ಯತೆ' ಅಂತಷ್ಟೇ ಇದೆ.

ವಕೀಲರು: ಬಾ ಅಂದ ಕೂಡಲೇ ತಾನಾಗಿ 10 ಗಂಟೆಗೆ ಬಂದು ನಿಂತವನು ಪರಾರಿಯಾಗ್ತಾನಾ! ಆ ಮೆಸೇಜು ನೋಟಿಸ್ ಆಗದಿದ್ದರೂ ನಿಮಗೆ ಒಳ್ಳೇ ಸಾಕ್ಷಿ. ಫೋನ್ ಬದಲಾಯಿಸಬೇಡಿ, ಡಿಲೀಟ್ ಮಾಡಬೇಡಿ. ಇನ್ನೊಂದು, ಸ್ಟೇಷನ್ನಿನ ಸಿಸಿಟಿವಿ ದೃಶ್ಯ ಉಳಿಸಿಡಿ ಅಂತ ಇವತ್ತೇ ಎಸ್‌ಪಿಗೆ ಲಿಖಿತ ಅರ್ಜಿ ಕೊಟ್ಟು ಸ್ವೀಕೃತಿ ತಗೊಳ್ಳಿ. 18 ತಿಂಗಳು ಇಡಬೇಕು, ಆಗದಿದ್ದರೆ ಕನಿಷ್ಠ ಒಂದು ವರ್ಷ ಅಂತ 2020ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ, ಆದರೆ ಕೇಳಲು ಹೋದಾಗ 'ಕ್ಯಾಮೆರಾ ಕೆಟ್ಟಿತ್ತು' ಅನ್ನೋದೇ ಜಾಸ್ತಿ.